ಹೊಲದ ಬನ್ನಿ, ಹಳ್ಳದ ಜಾಲಿ

ನವರಾತ್ರಿ ಬಂತೆಂದರೆ ನಮ್ಮ ವಿಜಯಪುರ ಸೀಮೆಯಲ್ಲಿ ಹೆಣ್ಣುಮಕ್ಕಳು ನಸುಕಿನಲ್ಲೇ ಎದ್ದು ಬನ್ನಿ ಗಿಡಕ್ಕೆ ನೀರೆರೆದು ಸುತ್ತು ಹಾಕುತ್ತಾರೆ. ದಸರಾ ದಿನ ಸಂಜೆ ಅದರ ಎಲೆಯನ್ನು ಒಬ್ಬರ ಕೈಗೊಬ್ಬರು ಇಟ್ಟು, ‘ಬನ್ನಿ ತಗೊಂಡು ಬಂಗಾರದಂಗ ಇರೋಣ’ ಎನ್ನುತ್ತೇವೆ. ಅದೇ ಊರಿನ ಹಳ್ಳದ ದಂಡೆಯಲ್ಲಿ, ಕೆರೆಯಂಗಳದಲ್ಲಿ, ಬೀಳುಬಿದ್ದ ಹೊಲದಲ್ಲಿ ಬಳ್ಳಾರಿ ಜಾಲಿ ಒತ್ತಾಗಿ ಬೆಳೆದಿರುತ್ತದೆ. ಅದಕ್ಕೆ ಕೈ ಮುಗಿಯುವವರಿಲ್ಲ, ಬೈಯುವವರೇ ಜಾಸ್ತಿ. ಆದರೆ ಇವೆರಡೂ ಒಂದೇ ಬಳಗದವು ಅಂದರೆ ನಂಬುತ್ತೀರಾ?

ಸಸ್ಯಶಾಸ್ತ್ರದ ಪುಸ್ತಕಗಳಲ್ಲಿ ಬನ್ನಿಯ ಹೆಸರು ಪ್ರೊಸೋಪಿಸ್ ಸಿನೆರೇರಿಯಾ. ಬಳ್ಳಾರಿ ಜಾಲಿಯದು ಪ್ರೊಸೋಪಿಸ್ ಜೂಲಿಫ್ಲೋರಾ. ಅಮೆರಿಕದಲ್ಲಿ ಮೆಸ್ಕೀಟ್ ಎಂದು ಕರೆಯುವ ಗಿಡಗಳ ಪೈಕಿ ಇದೂ ಒಂದು. 2022ರಲ್ಲಿ ವಿಜ್ಞಾನಿಗಳು ಡಿಎನ್‌ಎ ಪುರಾವೆ ಇಟ್ಟುಕೊಂಡು ಈ ಕುಲವನ್ನು ಒಡೆದರು. ಹಳೆಯ ಪ್ರೊಸೋಪಿಸ್ ಹೆಸರು ಬನ್ನಿಗೂ ಅದರ ಇನ್ನೆರಡು ಸಂಬಂಧಿಗಳಿಗೂ ಉಳಿಯಿತು. ಅಮೆರಿಕದ ಮೆಸ್ಕೀಟ್‌ಗಳಲ್ಲಿ ಹೆಚ್ಚಿನವು ನೆಲ್ಟುಮಾ ಎಂಬ ಬೇರೆ ಕುಲಕ್ಕೆ ಹೋದವು. ಬಳ್ಳಾರಿ ಜಾಲಿಯೂ ಅವುಗಳ ಜೊತೆ ಹೋಯಿತು. ಅಂದರೆ ಬಳಗ ನಿಜ, ಆದರೆ ಅಂದುಕೊಂಡಷ್ಟು ಹತ್ತಿರದ್ದಲ್ಲ.

ಎರಡನ್ನೂ ಗುರುತಿಸುವುದು ಸುಲಭ. ಒಂದು ಎಳೆ ರೆಂಬೆ ಹಿಡಿದು ನೋಡಿ. ಜಾಲಿಯಲ್ಲಿ ಎಲೆ ಹುಟ್ಟುವ ಗಿಣ್ಣಿನಲ್ಲೇ ಮುಳ್ಳು ಇರುತ್ತದೆ, ಹೆಚ್ಚಾಗಿ ಜೋಡಿಯಾಗಿ, ಉದ್ದಕ್ಕೆ, ನೆಟ್ಟಗೆ. ಬನ್ನಿಯಲ್ಲಿ ಮುಳ್ಳು ಗಿಡ್ಡ, ಬುಡ ದಪ್ಪ. ಗಿಣ್ಣಿನ ಹಂಗಿಲ್ಲದೆ ರೆಂಬೆಯ ಮೇಲೆ ಅಲ್ಲೊಂದು ಇಲ್ಲೊಂದು ಎದ್ದಿರುತ್ತದೆ. ಬನ್ನಿಯ ಎಲೆ ಸಣ್ಣದು, ಬಣ್ಣ ಸ್ವಲ್ಪ ಬೂದು. ರೆಂಬೆಗಳಲ್ಲಿ ಗಂಟು ಗಂಟಾಗಿ ಕಾಣುವುದು ಕಾಯಿಯಲ್ಲ. ಸಣ್ಣ ಕೀಟಗಳು ಮತ್ತು ನುಸಿಗಳು ಗಿಡದೊಳಗೆ ಮನೆ ಮಾಡಿದಾಗ ಅಲ್ಲಿ ಗಿಡ ಊದಿಕೊಂಡು ಆದ ಗಂಟು. ಒಂದನ್ನು ಒಡೆದರೆ ಒಳಗೆ ಮರಿಹುಳು ಸಿಕ್ಕರೂ ಸಿಗಬಹುದು. ನಿಜವಾದ ಕಾಯಿ ತೆಳ್ಳಗೆ, ಉದ್ದಕ್ಕೆ ಜೋತುಬಿದ್ದಿರುತ್ತದೆ. ಜಾಲಿಯ ಕಾಯಿ ಚಪ್ಪಟೆ, ತುಸು ಬಾಗಿದ್ದು, ಹಣ್ಣಾದಾಗ ಹಳದಿ.

ಇವೆರಡರ ಜೊತೆ ನಮ್ಮ ಕರಿಜಾಲಿಯನ್ನು ಬೆರೆಸಬಾರದು. ಅದು ಇದೇ ನೆಲದ ಮರ, ಬೇರೆಯೇ ಕುಲದ್ದು. ಹೂವು ದುಂಡಗೆ, ಅಚ್ಚ ಹಳದಿ. ಕಾಯಿ ಎರಡು ಕಾಳಿನ ನಡುವೆ ಸಣ್ಣಗಾಗಿರುತ್ತದೆ. ಕುಂಟೆ, ಕೂರಿಗೆ, ಬಂಡಿಯ ಗಾಲಿಗೆ ನಮ್ಮ ಹಿರಿಯರು ಆರಿಸಿಕೊಂಡಿದ್ದು ಇದನ್ನೇ. ಬಳ್ಳಾರಿ ಜಾಲಿಯ ಹೂವಾದರೆ ಬೆರಳುದ್ದದ ತೆನೆ, ಬಣ್ಣ ಮಾಸಲು ಹಳದಿ. ‘ಜಾಲಿ ಕಂಟಿ ಕಡೀರಿ’ ಎಂದು ಆಳು ಹಚ್ಚಿದಾಗ ಎಷ್ಟೋ ಕಡೆ ಕರಿಜಾಲಿಯೂ ಜೊತೆಗೇ ಹೋಗುತ್ತದೆ. ಅದು ದೊಡ್ಡ ನಷ್ಟ.

ಬಳ್ಳಾರಿ ಜಾಲಿ ತಾನಾಗಿ ಬಂದಿದ್ದಲ್ಲ. ನಾವೇ ಕರೆಸಿಕೊಂಡಿದ್ದು. ಮದ್ರಾಸ್ ಪ್ರಾಂತ್ಯದ ಅರಣ್ಯಾಧಿಕಾರಿ ಬೆಡ್ಡೋಮ್ 1876ರಲ್ಲಿ ಇದರ ಬೀಜ ಬೇಕೆಂದು ಸರ್ಕಾರಕ್ಕೆ ಬರೆದರು. ಮುಂದಿನ ವರ್ಷದ ಹೊತ್ತಿಗೆ ಜಮೈಕಾದಿಂದ ಬೀಜ ಬಂತು. ಕಡಪ ಜಿಲ್ಲೆಯ ಕಮಲಾಪುರಂನಲ್ಲಿ ನೆಟ್ಟರು. ಸರಿಸುಮಾರು ಅದೇ ಕಾಲಕ್ಕೆ ಸಿಂಧ್ ಪ್ರಾಂತ್ಯಕ್ಕೂ ಬಂತು. ಆಗಿನ ದಿನಗಳನ್ನು ನೆನೆಸಿಕೊಳ್ಳಿ. 1876ರಿಂದ 78ರ ತನಕ ದೊಡ್ಡ ಬರ. ನಮ್ಮ ಭಾಗ ಆಗ ಕಲಾದಗಿ ಜಿಲ್ಲೆಯಲ್ಲಿತ್ತು, ಬರದ ಹೊಡೆತ ಇಲ್ಲಿ ಬಲು ಜೋರಾಗಿತ್ತು. ಉರುವಲಿಲ್ಲ, ಮೇವಿಲ್ಲ, ನೆರಳಿಲ್ಲ. ಯಾವ ನೆಲದಲ್ಲೂ ಬದುಕುವ, ಬೇಗ ಬೆಳೆಯುವ ಗಿಡವೊಂದನ್ನು ತರಿಸಬೇಕು ಅನ್ನಿಸಿದ್ದರಲ್ಲಿ ತಪ್ಪೇನಿಲ್ಲ. 1940ರಲ್ಲಿ ಜೋಧಪುರ ಸಂಸ್ಥಾನ ಇದನ್ನು ರಾಜವೃಕ್ಷವೆಂದೇ ಸಾರಿತು. 1960ರ ದಶಕದ ಆರಂಭದಲ್ಲಿ ಕಛ್‌ನ ರಣ ಎಂಬ ಉಪ್ಪು ಮರುಭೂಮಿ ಮುಂದುವರಿಯದಿರಲೆಂದು ಗುಜರಾತಿನಲ್ಲೂ ನೆಟ್ಟರು. ಇವತ್ತು ಅಲ್ಲಿನ ಪ್ರಸಿದ್ಧ ಹುಲ್ಲುಗಾವಲಿನ ದೊಡ್ಡ ಭಾಗವನ್ನು ಇದೇ ಗಿಡ ನುಂಗಿದೆ.

ಹರಡುವ ಗುಟ್ಟು ಕಾಯಿಯಲ್ಲಿದೆ. ಜಾಲಿಯ ಎಲೆಯನ್ನು ದನವಾಗಲಿ ಆಡಾಗಲಿ ಮೂಸುವುದೂ ಕಡಿಮೆ. ಕಾಯಿಯನ್ನು ಮಾತ್ರ ಬಿಡುವುದಿಲ್ಲ. ಕಾಯಿಯ ತಿರುಳು ಸಿಹಿ. ಒಳಗಿನ ಬೀಜದ ಸಿಪ್ಪೆ ಗಟ್ಟಿ, ನೀರು ಇಳಿಯುವುದಿಲ್ಲ. ಅಂಥ ಬೀಜ ಮಣ್ಣಿನಲ್ಲಿ ವರ್ಷಗಟ್ಟಲೆ ಹಾಗೇ ಬಿದ್ದಿರುತ್ತದೆ. ದನದ ಹೊಟ್ಟೆಯೊಳಗೆ ಹಾದು ಬಂದಾಗ ಆ ಸಿಪ್ಪೆ ಮೆತ್ತಗಾಗುತ್ತದೆ. ಬೀಳುವುದು ಹಸಿ ಸೆಗಣಿಯ ಜೊತೆ, ಅಂದರೆ ತೇವವೂ ಗೊಬ್ಬರವೂ ಅಲ್ಲೇ ಸಿದ್ಧ. ಆಡು ಕುರಿ ಚೆನ್ನಾಗಿ ಅಗಿಯುವುದರಿಂದ ಒಂದಷ್ಟು ಬೀಜ ಹಾಳಾಗುತ್ತದೆ. ದನದ ಹೊಟ್ಟೆಯಿಂದ ಜಾಸ್ತಿ ಬೀಜ ಇಡಿಯಾಗಿ ಹೊರಬರುತ್ತದೆ. ಹಳ್ಳ ಬಂದರೆ ನೀರೂ ಹೊತ್ತೊಯ್ಯುತ್ತದೆ. ಅರೆಕೊಳೆತ ತಿಪ್ಪೆಯ ಗೊಬ್ಬರ ಹೊಲಕ್ಕೆ ಹೇರಿದರೆ ನಾವೇ ಬಿತ್ತಿದಂತೆ. ಇದರ ಬಳಗದ ಮೆಸ್ಕೀಟ್ ಇರುವ ಅಮೆರಿಕದಲ್ಲೂ ಇದೇ ಕಥೆ. ಟೆಕ್ಸಾಸ್‌ನ ಬಯಲುಗಳಲ್ಲಿ ದನ ಸಾಕಣೆ ಹೆಚ್ಚಾದ ಮೇಲೆ ಅಲ್ಲಿನ ಮೆಸ್ಕೀಟ್ ಹುಲ್ಲನ್ನು ಒತ್ತರಿಸಿತು. ಹಾಗಾಗಿ ಗಿಡವನ್ನೊಂದೇ ದೂರುವುದು ಸರಿಯಲ್ಲ. ಹುಲ್ಲು ಬೋಳಾಗುವ ಹಾಗೆ ಮೇಯಿಸಿದ ನೆಲಕ್ಕೆ ಇದು ಮೊದಲು ಬರುತ್ತದೆ.

ಒಮ್ಮೆ ಬಂದರೆ ಬಿಡುವುದೂ ಇಲ್ಲ. ಉದುರಿದ ಎಲೆಗಳಿಂದ ಬಿಡುಗಡೆಯಾಗುವ ರಾಸಾಯನಿಕಗಳು ಬೇರೆ ಬೀಜ ಮೊಳೆಯದಂತೆ ತಡೆಯುತ್ತವೆ. ಅದಕ್ಕೇ ಒತ್ತಾದ ಜಾಲಿಯ ಬುಡದಲ್ಲಿ ಹುಲ್ಲು ಕಾಣುವುದು ಅಪರೂಪ. ಬಾಗಲಕೋಟೆ ಜಿಲ್ಲೆಯ ಯಡಹಳ್ಳಿಯಲ್ಲಿ 2016ರಲ್ಲಿ ಚಿಂಕಾರ ಎಂಬ ಹುಲ್ಲೆಗೆಂದೇ ವನ್ಯಜೀವಿಧಾಮ ಆಯಿತಲ್ಲ, ಅಂಥ ಜಾಗಗಳ ಬಗ್ಗೆ ನನಗೆ ಚಿಂತೆ ಇದೆ. ಚಿಂಕಾರ ಬಯಲಿನ ಪ್ರಾಣಿ. ಅದಕ್ಕೆ ಹುಲ್ಲು ಬೇಕು, ಕುರುಚಲು ಬೇಕು, ದೂರದ ತನಕ ಕಣ್ಣು ಹಾಯಬೇಕು. ಜಾಲಿ ಒತ್ತಾದರೆ ಇದ್ಯಾವುದೂ ಉಳಿಯುವುದಿಲ್ಲ. ಬರೀ ಹಸಿರು ಕಂಡರೆ ಕಾಡು ಬೆಳೆಯಿತು ಅಂತ ಖುಷಿಪಡಬಾರದು.

ಸವಳು ನೆಲದ, ಅಂದರೆ ಉಪ್ಪು ಹತ್ತಿದ ನೆಲದ ಮಾತು ಬೇರೆ. ನಮ್ಮ ಡೋಣಿ ನದಿಯ ನೀರು ಉಪ್ಪು, ಪಾತ್ರದಲ್ಲಿ ಹೂಳು ತುಂಬಿದೆ. ‘ಡೋಣಿ ಹರಿದರೆ ಓಣಿಯೆಲ್ಲ ಜೋಳ’ ಎನ್ನುವ ಮಾತಿದ್ದರೂ ದಂಡೆಯ ರೈತರ ಪಾಡು ಅವರಿಗೇ ಗೊತ್ತು. ಜಮಖಂಡಿ, ಮುಧೋಳದ ಕಡೆ ಕಬ್ಬಿಗೆ ನೀರು ಹಾಯಿಸಿ ಹಾಯಿಸಿ ಸವಳು ಜವಳು ಆದ ಹೊಲಗಳಿವೆ. ಬೇರೆ ಬೆಳೆ ಕೈಕೊಡುವ ಇಂಥ ನೆಲದಲ್ಲೂ ಜಾಲಿ ನಗುತ್ತಾ ನಿಲ್ಲುತ್ತದೆ. ಉಪ್ಪನ್ನೂ ಕ್ಷಾರವನ್ನೂ ತಾಳಿಕೊಳ್ಳುತ್ತದೆ. ಬೇರಿನ ಗಂಟುಗಳಲ್ಲಿರುವ ಬ್ಯಾಕ್ಟೀರಿಯಾ ಗಾಳಿಯ ಸಾರಜನಕವನ್ನು ಹಿಡಿದು ಕೊಡುತ್ತವೆ. ಕರ್ನಾಲ್‌ನ ಕೇಂದ್ರೀಯ ಮಣ್ಣು ಲವಣತೆ ಸಂಶೋಧನಾ ಸಂಸ್ಥೆ ಕ್ಷಾರ ನೆಲ ಸುಧಾರಿಸಲು ಇದೇ ಗಿಡವನ್ನು ಹುಲ್ಲಿನ ಜೊತೆ ಬೆಳೆಸಿ ನೋಡಿದೆ, ವರ್ಷಗಳ ನಂತರ ಮಣ್ಣು ಸುಧಾರಿಸಿದೆ. ಆದರೆ ಅಲ್ಲಿ ಸಾಲು ಹಿಡಿದು ನೆಟ್ಟು, ಕಾವಲಿಟ್ಟು ಬೆಳೆಸಿದರು. ನಮ್ಮ ಹಳ್ಳದಲ್ಲಿ ಅದು ತನ್ನಿಚ್ಛೆಯಂತೆ ಬೆಳೆಯುತ್ತಿದೆ.

ನೀರಿನ ಬಗ್ಗೆ ಒಂದು ಮಾತು ಹೇಳಲೇಬೇಕು. ಜಾಲಿ ಗಾಳಿಯ ತೇವ ಹೀರಿ ಮಳೆಯನ್ನೇ ನಿಲ್ಲಿಸುತ್ತದೆ ಅಂತ ವಾಟ್ಸಾಪ್‌ನಲ್ಲಿ ಓಡಾಡುತ್ತದೆ. ನಮ್ಮ ಮಳೆ ಬರುವುದು ಸಮುದ್ರದ ಮೇಲಿಂದ ಬೀಸುವ ಮುಂಗಾರು, ಹಿಂಗಾರಿನಿಂದ. ಒಂದು ಕಂಟಿ ಅದನ್ನು ತಡೆಯಲಾರದು. ಆದರೆ ನೆಲದಡಿಯ ನೀರು ಎತ್ತುತ್ತದೆ ಅನ್ನುವುದು ಸತ್ಯ. ಅಮೆರಿಕದ ಅರಿಜೋನಾದಲ್ಲಿ ಟೂಸಾನ್ ಊರಿನ ಹತ್ತಿರ ತಾಮ್ರದ ಗಣಿ ಅಗೆಯುವಾಗ 53 ಮೀಟರ್ ಆಳದಲ್ಲಿ ಮೆಸ್ಕೀಟ್ ಬೇರು ಸಿಕ್ಕಿತ್ತು. ಇದು 1960ರಲ್ಲಿ ವರದಿಯಾಯಿತು. ಗೋಳಗುಮ್ಮಟದ ಎತ್ತರಕ್ಕಿಂತ ಹೆಚ್ಚು ಆಳ ಅದು! ಬನ್ನಿಯೂ ಆಳಕ್ಕೆ ಬೇರು ಬಿಡುವ ಗಿಡವೇ. ವ್ಯತ್ಯಾಸ ಇರುವುದು ಸಂಖ್ಯೆಯಲ್ಲಿ. ಎಕರೆಗೆ ಹತ್ತಾರು ಬನ್ನಿ ಇದ್ದರೆ ಜಾಸ್ತಿ. ಜಾಲಿ ಸಾವಿರಗಟ್ಟಲೆ ಒತ್ತಾಗಿ ನಿಂತು ವರ್ಷಪೂರ್ತಿ ಹಸಿರಾಗಿರುತ್ತದೆ.

ಇಷ್ಟೆಲ್ಲ ಆದರೂ ಇದರಿಂದ ಬದುಕುವವರಿದ್ದಾರೆ. ಜಾಲಿ ಕಟ್ಟಿಗೆ ಭಾರ, ಕೆಂಡ ಬಹಳ ಹೊತ್ತು ಆರುವುದಿಲ್ಲ. ಎಷ್ಟೋ ಮನೆಯ ಒಲೆ, ಖಾನಾವಳಿಯ ರೊಟ್ಟಿ ಹಂಚು, ಇಟ್ಟಂಗಿ ಭಟ್ಟಿ ನಡೆಯುವುದು ಇದರಿಂದಲೇ. ಇದ್ದಲಿ ಸುಡುವುದನ್ನು ಹತ್ತಿರ ನಿಂತು ನೋಡಬೇಕು. ಕಟ್ಟಿಗೆಯನ್ನು ತುಂಡು ಮಾಡಿ ಬಣವೆಯಂತೆ ಒತ್ತಾಗಿ ಒಟ್ಟುತ್ತಾರೆ. ಮೇಲೆ ಹಸಿ ಸೊಪ್ಪು, ಅದರ ಮೇಲೆ ಮಣ್ಣು. ಗಾಳಿಗೆ ಅಲ್ಲಲ್ಲಿ ಕಿಂಡಿ. ಬೆಂಕಿ ಇಟ್ಟ ಮೇಲೆ ಕೆಲಸವೆಲ್ಲ ಹೊಗೆ ನೋಡುವುದು. ಮೊದಲು ದಟ್ಟ ಬಿಳಿ ಹೊಗೆ ಬರುತ್ತದೆ, ಅದು ಕಟ್ಟಿಗೆಯ ನೀರು. ದಿನ ಕಳೆದಂತೆ ಹೊಗೆ ತೆಳುವಾಗಿ ನೀಲಿಗೆ ತಿರುಗುತ್ತದೆ. ಆಗ ಕಿಂಡಿಗಳನ್ನು ಮಣ್ಣಿನಿಂದ ಮುಚ್ಚಬೇಕು. ತಡವಾದರೆ ಇದ್ದಲಿಯೇ ಉರಿದು ಬೂದಿ. ಎಲ್ಲಾದರೂ ಮಣ್ಣು ಬಿರುಕು ಬಿಟ್ಟರೆ ನಡುರಾತ್ರಿಯಾದರೂ ಎದ್ದು ಮೆತ್ತಬೇಕು. ಇಷ್ಟು ಮಾಡಿದರೂ ಸುಮಾರು 5 ಕಿಲೋ ಕಟ್ಟಿಗೆಗೆ 1 ಕಿಲೋ ಇದ್ದಲಿ. ಆ ಹೊಗೆಯಲ್ಲಿ ಕೆಮ್ಮುತ್ತಾ ಕೂರುವವರಿಗೆ ಸಿಗುವ ಕೂಲಿಯೂ ಅಷ್ಟಕ್ಕಷ್ಟೇ. ಜಾಲಿ ನಿರ್ಮೂಲನೆಯ ಮಾತಾಡುವಾಗ ಇವರನ್ನೂ ಲೆಕ್ಕಕ್ಕೆ ಹಿಡಿಯಬೇಕು.

ಕಾಯಿಯೂ ಒಳ್ಳೆಯ ಮೇವು. ಅದರಲ್ಲಿ ಪ್ರೋಟೀನ್ ಸುಮಾರು ಶೇಕಡಾ 12, ಸಕ್ಕರೆ ಇನ್ನೂ ಜಾಸ್ತಿ. ಆದರೆ ಹಾಗೇ ತಿನ್ನಿಸಬಾರದು. ಒಣಗಿಸಿ ಬೀಜಸಮೇತ ಪುಡಿ ಮಾಡಿಸಿದರೆ ಬೀಜ ಸಾಯುತ್ತದೆ, ಬೀಜದೊಳಗಿನ ಪ್ರೋಟೀನೂ ದನಕ್ಕೆ ಸಿಗುತ್ತದೆ. ಒಟ್ಟು ಮೇವಿನ ಕಾಲು ಭಾಗ ದಾಟಬಾರದು. ತಿಂಗಳುಗಟ್ಟಲೆ ಬರೀ ಇದೇ ಕಾಯಿ ತಿಂದ ದನ, ಆಡುಗಳಲ್ಲಿ ನರ ಕೆಟ್ಟು ದವಡೆ ಜೋಲುತ್ತದೆ, ಮೆಲುಕು ಹಾಕಲು ಆಗುವುದಿಲ್ಲ. ಬ್ರೆಜಿಲ್‌ನಲ್ಲಿ ಈ ರೋಗದ ಅಧ್ಯಯನ ಚೆನ್ನಾಗಿ ನಡೆದಿದೆ. ಕಾಯಿಯಲ್ಲಿರುವ ಆಲ್ಕಲಾಯ್ಡ್ ಎಂಬ ರಾಸಾಯನಿಕಗಳೇ ಇದಕ್ಕೆ ಕಾರಣ. ಹೂವು ಜೇನುಹುಳಕ್ಕೆ ಹಬ್ಬ. ಆದರೆ ಅದರ ಪರಾಗ ಅಲರ್ಜಿ, ಉಬ್ಬಸ ಇರುವವರಿಗೆ ಕಾಟ ಕೊಡುತ್ತದೆ.

ಮೆಸ್ಕೀಟ್‌ನಲ್ಲಿ ಎಲ್ಲವೂ ಒಂದೇ ಥರ ಇಲ್ಲ. ಟೆಕ್ಸಾಸ್‌ನ ಗ್ಲಾಂಡುಲೋಸಾ ಜಾತಿಯ ಕಟ್ಟಿಗೆ ಒಣಗಿದ ಮೇಲೆ ಕುಗ್ಗುವುದು ಬಹಳ ಕಡಿಮೆ, ಅದಕ್ಕೇ ಅಲ್ಲಿ ನೆಲಹಾಸು, ಪೀಠೋಪಕರಣ ಮಾಡುತ್ತಾರೆ. ಅರಿಜೋನಾದ ವೆಲುಟಿನಾದ ಕಾಯಿಯನ್ನು ಅಲ್ಲಿನ ಮೂಲನಿವಾಸಿಗಳು ಹಿಟ್ಟು ಮಾಡಿ ಉಣ್ಣುತ್ತಿದ್ದರು. ಪೆರುವಿನಲ್ಲಿ ಪಲ್ಲಿಡಾ ಜಾತಿಯ ಕಾಯಿಯಿಂದ ಕಪ್ಪು ಪಾಕ ತೆಗೆಯುತ್ತಾರೆ. ನಮ್ಮಲ್ಲಿ ಹರಡಿರುವ ಜೂಲಿಫ್ಲೋರಾ ಹೆಚ್ಚಾಗಿ ಬುಡದಿಂದಲೇ ಕವಲೊಡೆಯುವ ಸೊಟ್ಟ ಗಿಡ. ನಡುನಡುವೆ ಮುಳ್ಳಿಲ್ಲದ, ನೆಟ್ಟಗಿನ ಗಿಡವೂ ಸಿಗುತ್ತದೆ. ಅದರ ಬೀಜ ನೆಟ್ಟರೆ ಅದೇ ಗುಣ ಬರುತ್ತದೆಂಬ ಖಾತ್ರಿಯಿಲ್ಲ, ಯಾಕೆಂದರೆ ಕಾಯಿ ಕಟ್ಟಲು ಬೇರೆ ಗಿಡದ ಪರಾಗ ಬೇಕು. ಇಷ್ಟರ ಮೇಲೂ, ಹೊಸದಾಗಿ ಯಾರೂ ಇದನ್ನು ನೆಡಬಾರದು ಅನ್ನುವುದೇ ನನ್ನ ಅಭಿಪ್ರಾಯ. ಇರುವುದನ್ನು ಬಳಸಿ ಮುಗಿಸಿದರೆ ಸಾಕು.

ತೆಗೆಯುವವರಿಗೆ ಒಂದು ಕಿವಿಮಾತು. ನೆಲಮಟ್ಟಕ್ಕೆ ಕಡಿದರೆ ಒಂದಿದ್ದದ್ದು ಹತ್ತಾಗಿ ಚಿಗುರುತ್ತದೆ. ಹೊಸ ಚಿಗುರಿನ ಕಣ್ಣುಗಳು ನೆಲದೊಳಗೆ ಬುಡದ ಗಡ್ಡೆಯಲ್ಲಿರುತ್ತವೆ. ಸುಮಾರು ಒಂದಡಿ ಅಗೆದು ಆ ಗಡ್ಡೆಯ ಕೆಳಗೆ ಬೇರು ಕತ್ತರಿಸಬೇಕು. ಜೆಸಿಬಿ ಹಚ್ಚಿದರೂ ಇದೇ ಲೆಕ್ಕ. ಸಸಿಯಿದ್ದಾಗ ಮೊದಲ ಮಳೆ ಬಿದ್ದ ಕೂಡಲೇ ಕಿತ್ತರೆ ಕೈಯಿಂದಲೇ ಬರುತ್ತದೆ. ತೆಗೆದ ಜಾಗವನ್ನು ಸುಮ್ನೆ ಖಾಲಿ ಬಿಟ್ಟರೆ ಮಣ್ಣಿನಲ್ಲಿದ್ದ ಬೀಜ ಮತ್ತೆ ಏಳುತ್ತದೆ. ಅಲ್ಲಿ ಹುಲ್ಲು ಬಿತ್ತಿ, ಒಂದೆರಡು ವರ್ಷ ದನ ಬಿಡದೆ ಕಾಯಬೇಕು. ದಕ್ಷಿಣ ಆಫ್ರಿಕಾದಲ್ಲಿ 1987ರಲ್ಲಿ ಬೀಜ ತಿನ್ನುವ ದುಂಬಿಯನ್ನು ಬಿಟ್ಟು ನೋಡಿದರು. ದುಂಬಿಗಿಂತ ಮೊದಲೇ ದನಗಳು ಕಾಯಿ ಮುಗಿಸುತ್ತಿದ್ದರಿಂದ ಪೂರ್ತಿ ಫಲ ಸಿಗಲಿಲ್ಲ.

ಹಾಗಾದರೆ ನೆಡಬೇಕಾದ್ದು ಏನು? ಬನ್ನಿ. ರಾಜಸ್ಥಾನ ಮತ್ತು ತೆಲಂಗಾಣಕ್ಕೆ ಇದು ರಾಜ್ಯವೃಕ್ಷ. ಸಂಯುಕ್ತ ಅರಬ್ ಎಮಿರೇಟ್ಸ್‌ಗೆ ರಾಷ್ಟ್ರವೃಕ್ಷ. ಜೋಧಪುರದ ಹತ್ತಿರದ ಖೇಜಡ್ಲಿಯಲ್ಲಿ 1730ರಲ್ಲಿ ಈ ಮರಗಳನ್ನು ತಬ್ಬಿ ನಿಂತ ಅಮೃತಾದೇವಿಯೂ ಸೇರಿ 363 ಬಿಷ್ಣೋಯಿಗಳು ಪ್ರಾಣ ಕೊಟ್ಟರು. ಬನ್ನಿಯ ಎಲೆ ಒಳ್ಳೆಯ ಮೇವು, ಎಳೆಕಾಯಿಯನ್ನು ರಾಜಸ್ಥಾನದಲ್ಲಿ ಪಲ್ಯ ಮಾಡುತ್ತಾರೆ. ನೆರಳು ತೆಳು, ಬೇರು ಆಳ. ಹೊಲದ ನಡುವೆ ಇದ್ದರೂ ಜೋಳಕ್ಕೆ, ಸಜ್ಜೆಗೆ ಅಡ್ಡಿಯಾಗುವುದಿಲ್ಲ.

ಬೆಳೆಯುವುದು ಮಾತ್ರ ನಿಧಾನ, ತಾಳ್ಮೆ ಬೇಕು. ಕಾಯಿ ಒಣಗಿದ ಮೇಲೆ ಬೀಜ ಬಿಡಿಸಿ, ಕುದಿಸಿ ಇಳಿಸಿದ ನೀರಿನಲ್ಲಿ ಹಾಕಿ ಒಂದು ರಾತ್ರಿ ಬಿಡಿ. ಉಬ್ಬಿದ ಬೀಜವನ್ನು ಉದ್ದನೆಯ ಚೀಲದಲ್ಲಿ ಹಾಕಿ. ಗಿಡ್ಡ ಚೀಲವಾದರೆ ತಾಯಿಬೇರು ಸುತ್ತಿಕೊಳ್ಳುತ್ತದೆ. ಮರುವರ್ಷದ ಮಳೆಗೆ ಬದುವಿನ ಮೇಲೆ ನೆಡಿ. ಮೊದಲ ಎರಡು ಬೇಸಿಗೆ ಆಗೀಗ ನೀರು ಕೊಟ್ಟರೆ ಆಮೇಲೆ ಅದರ ಪಾಡಿಗೆ ಅದು ಬದುಕುತ್ತದೆ. ದಸರೆಗೆ ಎಲೆ ತರಿದುಕೊಳ್ಳಿ, ರೆಂಬೆ ಕಡಿಯಬೇಡಿ. ಮಾರಾಟಕ್ಕೆಂದು ರೆಂಬೆಗಟ್ಟಲೆ ಕಡಿದು ಬೋಳಿಸಿದ ಗಿಡ ನೋಡಿದರೆ ಹೊಟ್ಟೆ ಉರಿಯುತ್ತದೆ. ಸಸಿಗೆ ಆಡಿನ ಕಾಟ ತಪ್ಪಿಸಲು ಜಾಲಿ ಮುಳ್ಳಿಗಿಂತ ಒಳ್ಳೆಯ ಬೇಲಿ ಇಲ್ಲ. ಕಾಯಿ ಇಲ್ಲದ ಕೊಂಬೆಗಳನ್ನೇ ಆರಿಸಿ ಸುತ್ತ ಒತ್ತಾಗಿ ಕಟ್ಟಿ. ವರ್ಷದೊಳಗೆ ಗೆದ್ದಲು ತಿಂದು ಬೇಲಿ ಸಡಿಲಾಗುತ್ತದೆ, ಮುಂಗಾರಿಗೆ ಮುಂಚೆ ಹೊಸ ಮುಳ್ಳು ಹಾಕಿ.