ಸಿಪಾಯಿ ಕಾಲುಚೀಲದ ತುದಿ: ಕಿಚನರ್ ಜೋಡಣೆಯ ಟಿಪ್ಪಣಿ

1914–18ರ ಯುದ್ಧಕಾಲದಲ್ಲಿ ಬ್ರಿಟನ್, ಅಮೆರಿಕ, ಕೆನಡಾ, ಆಸ್ಟ್ರೇಲಿಯಾಗಳಲ್ಲಿ ಹೆಂಗಸರು, ಶಾಲಾಮಕ್ಕಳು, ಆಸ್ಪತ್ರೆಯಲ್ಲಿದ್ದ ಗಾಯಾಳು ಸಿಪಾಯಿಗಳು ಕೂಡ ಉಲ್ಲನ್ ಹೆಣೆದರು. ಕಾಲುಚೀಲಕ್ಕೆ ಬೇಡಿಕೆ ಹೆಚ್ಚು. ಕಂದಕದ ತಣ್ಣನೆ ಕೆಸರಲ್ಲಿ ನಿಂತ ಪಾದ ಮರಗಟ್ಟಿ, ಊದಿ, ಕೊಳೆಯುತ್ತಿತ್ತು. ಒಣ ಕಾಲುಚೀಲ ಬದಲಿಸುತ್ತಿರಲೇಬೇಕಿತ್ತು. ಬೆರಳ ಮೇಲೆ ಹೊಲಿಗೆಯ ದಿಂಡು ಉಳಿದರೆ ಬೂಟಿನೊಳಗೆ ಉಜ್ಜಿ ಗುಳ್ಳೆ. ತುದಿಯಲ್ಲಿ ಉಳಿದ ಎರಡು ಸಾಲು ಕುಣಿಕೆಗಳನ್ನು ಸೂಜಿದಾರದಿಂದ ದಿಂಡಿಲ್ಲದೆ ಕೂಡಿಸುವ ಈ ಜೋಡಣೆಗೆ ಆಗಿನ ಬ್ರಿಟಿಷ್ ಯುದ್ಧಮಂತ್ರಿ ಕಿಚನರ್ ಹೆಸರು ಅಂಟಿದೆ.

ಪಾದದ ಕೊಳವೆ ಬರೀ ಸೀದಾ ಸುತ್ತು. ನೋಡದೆಯೂ ಹೆಣೆಯಬಹುದು, ಟಪಾಲಿಗೆ ಕಾಯುವ ಕೈಗೆ ಅದು ಸಾಕು. ತುದಿ ಬೇರೆ ಥರ. ಎಣಿಕೆ ಹಿಡಿದಿರುವಷ್ಟು ಹೊತ್ತು ತಲೆಯಲ್ಲಿ ಇನ್ನೊಂದು ಯೋಚನೆಗೆ ಜಾಗವಿಲ್ಲ. ನನ್ನ ಲೆಕ್ಕದಲ್ಲಿ ಆತಂಕಕ್ಕೆ ಇದೇ ಹೆಚ್ಚು ಒಳ್ಳೆಯ ಮದ್ದು.

64 ಕುಣಿಕೆಯ ಪಾದವಾದರೆ ಸುತ್ತು ಬಿಟ್ಟು ಸುತ್ತು ನಾಲ್ಕು ಕುಣಿಕೆ ಕಡಿಮೆ ಮಾಡುತ್ತ 16ಕ್ಕೆ ತನ್ನಿ. ಎರಡು ಕಡ್ಡಿಗೆ ಎಂಟೆಂಟು, ಉಲ್ಟಾ ಮೈ ಒಳಗೆ, ಎರಡೂ ಕಡ್ಡಿಯ ಮೊನೆ ಬಲಕ್ಕೆ. ದಾರ ಹಿಂದಿನ ಕಡ್ಡಿಯ ಬಲತುದಿಯಿಂದ ಬರಲಿ, ಜೋಡಿಸುವ ಅಗಲದ ನಾಲ್ಕರಷ್ಟು ಉದ್ದ ಬಿಡಿ. ಮೊಂಡು ತುದಿಯ ಸೂಜಿ ಬೇಕು; ಚೂಪಾದದ್ದು ದಾರವನ್ನೇ ಸೀಳುತ್ತದೆ.

ಈಗ ಎಲ್ಲರೂ ಎಡವುವ ಜಾಗ. 'ಸೀದಾ' ಎಂದರೆ ಸೂಜಿ ಕುಣಿಕೆಯೊಳಗೆ ಮುಂದಿನಿಂದ ಹಿಂದಕ್ಕೆ. 'ಉಲ್ಟಾ' ಎಂದರೆ ಹಿಂದಿನಿಂದ ಮುಂದಕ್ಕೆ. ಶುರುವಿಗೆ ಒಂದೇ ಸಲ: ಮುಂದಿನ ಕಡ್ಡಿಯ ಮೊದಲ ಕುಣಿಕೆಗೆ ಉಲ್ಟಾ, ಹಿಂದಿನದಕ್ಕೆ ಸೀದಾ, ಎರಡನ್ನೂ ಕಡ್ಡಿಯಲ್ಲೇ ಬಿಡಿ. ಆಮೇಲೆ ಕೊನೆತನಕ ಇದೇ ಜಪ:

ಮುಂದೆ: ಸೀದಾ ಇಳಿಸು, ಉಲ್ಟಾ ಇರಿಸು.
ಹಿಂದೆ: ಉಲ್ಟಾ ಇಳಿಸು, ಸೀದಾ ಇರಿಸು.

'ಇಳಿಸು' ಎಂದರೆ ಆ ಕುಣಿಕೆಯನ್ನು ಕಡ್ಡಿಯಿಂದ ತೆಗೆ; 'ಇರಿಸು' ಎಂದರೆ ಪಕ್ಕದ ಕುಣಿಕೆಗೆ ಸೂಜಿ ಹಾಕಿ ಅದನ್ನು ಕಡ್ಡಿಯಲ್ಲೇ ಬಿಡು. ಯಾಕೆ ಹೀಗೆ? ಪ್ರತಿ ಕುಣಿಕೆಯೊಳಗೂ ದಾರ ಎರಡು ಸಲ ಹೋಗಬೇಕು, ಎರಡು ದಿಕ್ಕಿನಿಂದ. ಮೊದಲ ಸಲ ಕುಣಿಕೆ ಕಡ್ಡಿಯಲ್ಲೇ ಉಳಿಯುತ್ತದೆ, ಎರಡನೇ ಸಲ ಇಳಿಯುತ್ತದೆ. ಹಿಂದಿನ ಕಡ್ಡಿಯ ಉಲ್ಟಾ ಮೈ ನಮ್ಮತ್ತ ಇರುವುದರಿಂದ ಅಲ್ಲಿ ದಿಕ್ಕು ಅದಲುಬದಲು. ಇಷ್ಟು ಗೊತ್ತಿದ್ದರೆ ಜಪ ಮರೆತರೂ ನಡೆಯುತ್ತದೆ. ಕೊನೆಗೆ ಒಂದೊಂದೇ ಉಳಿದಾಗ ಬರೀ ಇಳಿಸು: ಮುಂದೆ ಸೀದಾ, ಹಿಂದೆ ಉಲ್ಟಾ.

ದಿಕ್ಕು ತಪ್ಪಿದರೆ ಹೊರಗೆ ಉಬ್ಬುಗೆರೆ ಏಳುತ್ತದೆ. ದಾರ ಕಡ್ಡಿಯ ಮೇಲಿಂದ ಹೋದರೆ ಇಲ್ಲದ ಕುಣಿಕೆ ಹುಟ್ಟುತ್ತದೆ. ದಾರ ಯಾವಾಗಲೂ ಮೊನೆಯ ಕೆಳಗಿಂದಲೇ ದಾಟಬೇಕು. ನಡುವೆ ಎದ್ದು ಹೋಗಬೇಕಾದರೆ ಹಿಂದಿನ ಕಡ್ಡಿಯ 'ಇರಿಸು' ಮುಗಿಸಿಯೇ ಏಳಿ. ಆಗ ಎರಡೂ ಕಡ್ಡಿಯಲ್ಲಿ ಎಣಿಕೆ ಸಮ, ಎಲ್ಲಿದ್ದೆವೆಂದು ಹುಡುಕಬೇಕಿಲ್ಲ.

ಜೋಡಿಸುವಾಗ ಸಡಿಲ ಬಿಟ್ಟು, ಆಮೇಲೆ ಬಲದಿಂದ ಎಡಕ್ಕೆ ಸೂಜಿಮೊನೆಯಲ್ಲಿ ಒಂದೊಂದೇ ಕುಣಿಕೆ ಬಿಗಿಮಾಡಿ. ಮೂಲೆ ಕಿವಿಯಂತೆ ಎದ್ದರೆ ಒಳಗಿಂದ ಎಳೆದು ಹಿಡಿದು ಹೊಲಿಯಿರಿ. ಗಂಟು ಬೇಡ. ಉಳಿದ ದಾರವನ್ನು ಬೆರಳ ಜಾಗ ಬಿಟ್ಟು ಪಕ್ಕದ ಒಳಮೈಯಲ್ಲಿ ಪೋಣಿಸಿ ಕತ್ತರಿಸಿ.