ತೊಗಲುಗೊಂಬೆ ಆಟದಿಂದ ತೆರೆಗೆ

ರೀರೆಕಾರ್ಡಿಂಗ್, ಅಂದರೆ ಸಿನಿಮಾದ ಹಿನ್ನೆಲೆ ಸಂಗೀತ, ಕಲಿಯಲು ಬರುವ ಹುಡುಗರು ಮೊದಲು ಕೇಳುವುದು ‘ಯಾವ ಸಾಫ್ಟ್‌ವೇರ್ ಸಾರ್?’ ಅಂತ. ನಾನು ಚೀನಾದ ಸಿನಿಮಾ ಸಂಗೀತ ನಿರ್ದೇಶಕ ಜಾವೋ ಜೀಪಿಂಗ್ ಕಥೆ ಶುರು ಮಾಡುತ್ತೇನೆ. ಮುಖ ಸಪ್ಪಗಾಗುತ್ತದೆ.

ಜಾವೋ ಹುಟ್ಟಿದ್ದು 1945ರಲ್ಲಿ, ಗಾನ್ಸು ಪ್ರಾಂತ್ಯದಲ್ಲಿ. ಅಪ್ಪ ಹೆಸರಾಂತ ಚಿತ್ರಕಾರ. ಶಿಆನ್‌ನಲ್ಲಿ ಸಂಗೀತ ಓದಿ 1970ರಲ್ಲಿ ಹೊರಬಿದ್ದವರಿಗೆ ಕೆಲಸ ಸಿಕ್ಕಿದ್ದು ಶಾನ್‌ಶಿ ಪ್ರಾಂತ್ಯದ ನಾಟಕ ಸಂಸ್ಥೆಯಲ್ಲಿ. ಇಪ್ಪತ್ತು ವರ್ಷ ಅಲ್ಲೇ ಇದ್ದರು. ಗಂಟಲು ಹರಿಯುವಂತೆ ಹಾಡುವ ಆ ಕಡೆಯ ನಾಟಕದ ಮಟ್ಟುಗಳು, ತಾಳ ಹಾಕುವ ಮರದ ತುಂಡಿನ ಸದ್ದು, ಹಳ್ಳಿ ಹಾಡು, ಎಲ್ಲ ಕಿವಿಗಿಳಿದವು. ಸಂಗೀತ ಕೊಟ್ಟ ಮೊದಲ ಸಿನಿಮಾ ಚೆನ್ ಕೈಗ ನಿರ್ದೇಶನದ ‘ಯೆಲ್ಲೋ ಅರ್ತ್’, 1984ರದ್ದು. ಆಗ ವಯಸ್ಸು ನಲವತ್ತರ ಹತ್ತಿರ. ತಡ ಆಯ್ತು ಅನಿಸುತ್ತೆ ಅಲ್ವಾ? ನನಗೇನೋ ಹಾಗೆ ಅನಿಸುವುದಿಲ್ಲ.

1992ರ ‘ದಿ ಸ್ಟೋರಿ ಆಫ್ ಚಿಯು ಜು’ ನೋಡಿ. ನಿರ್ದೇಶಕ ಜಾಂಗ್ ಯಿಮೋ. ಗಂಡನಿಗೆ ಒದ್ದ ಊರ ಮುಖ್ಯಸ್ಥನ ಮೇಲೆ ದೂರು ಕೊಡಲು ತುಂಬು ಗರ್ಭಿಣಿಯೊಬ್ಬಳು ಮತ್ತೆ ಮತ್ತೆ ಪೇಟೆಗೆ ಹೊರಡುತ್ತಾಳೆ. ಹೊರಟಾಗಲೆಲ್ಲ ಅದೇ ಹಾಡಿನ ತುಣುಕು. ಅದು ಶಾನ್‌ಶಿಯ ತೊಗಲುಗೊಂಬೆ ಆಟದ ಹಾಡುಗಾರಿಕೆ, ವಾನ್‌ವಾನ್‌ಚ್ಯಾಂಗ್. ಬಟ್ಟಲಿನಂಥ ಪುಟ್ಟ ಕಂಚಿನ ಗಂಟೆಯಿಂದ ಆ ಹೆಸರು. ಜಾವೋ ಅಳುವ ಪಿಟೀಲು ಹಾಕಲಿಲ್ಲ, ಅವಳ ಕಷ್ಟ ಜಾಸ್ತಿಯಾದಂತೆ ಸಂಗೀತ ದಪ್ಪ ಮಾಡಲೂ ಇಲ್ಲ. ಮೂರನೇ ಸಲ ಕೇಳುವಾಗ ‘ಅಯ್ಯೋ, ಮತ್ತೆ ಹೊರಟಳಾ!’ ಎಂದು ನಗು ಬರುತ್ತದೆ, ಹೊಟ್ಟೆಯೊಳಗೆ ಸಂಕಟವೂ ಆಗುತ್ತದೆ. ಹಿಂದೊಮ್ಮೆ ನಾನು ಒಂದೇ ಬಿಟ್, ಅಂದರೆ ಒಂದೇ ಸಂಗೀತದ ತುಣುಕು, ಮೂರು ಕಡೆ ಇಟ್ಟಿದ್ದಕ್ಕೆ ನಿರ್ಮಾಪಕರೊಬ್ಬರು ‘ದುಡ್ಡು ಮೂರಕ್ಕೆ ತಗೊಂಡು ಒಂದೇ ಮಾಡಿದ್ದೀರಾ?’ ಅಂದಿದ್ದರು. ಸುಮ್ನೆ ಬದಲಾಯಿಸಿದೆ. ಈಗಲೂ ಬೇಜಾರಿದೆ.

ಜಾಂಗ್ ಯಿಮೋ ಅವರದೇ ‘ರೆಡ್ ಸೋರ್ಗಮ್’ ಚಿತ್ರದ ಪಲ್ಲಕ್ಕಿ ದೃಶ್ಯದಲ್ಲಿ ಸುವೋನಾ ವಾದ್ಯಗಳು ಒಟ್ಟಿಗೆ ಕಿರುಚುತ್ತವೆ. ನಮ್ಮ ಶೆಹನಾಯಿಯ ದಾಯಾದಿ ಅದು, ಮರದ ಕೊಳವೆಗೆ ಹಿತ್ತಾಳೆಯ ಅಗಲ ಬಾಯಿ. ನಾಗಸ್ವರ ರೆಕಾರ್ಡ್ ಮಾಡಿದವರಿಗೆ ಗೊತ್ತು: ಇಂಥ ವಾದ್ಯಕ್ಕೆ ಮೈಕ್ ಹತ್ತಿರ ಇಟ್ಟರೆ ದನಿ ಒಡೆಯುತ್ತದೆ. ಅದನ್ನು ನಯ ಮಾಡಲು ಹೋಗುವವರೇ ಜಾಸ್ತಿ. ಜಾವೋ ಆ ಒರಟನ್ನು ಹಾಗೇ ಬಿಟ್ಟರು. 1988ರಲ್ಲಿ ಆ ಚಿತ್ರಕ್ಕೆ ಬರ್ಲಿನ್ ಚಿತ್ರೋತ್ಸವದ ದೊಡ್ಡ ಪ್ರಶಸ್ತಿ ಗೋಲ್ಡನ್ ಬೇರ್ ಬಂತು.

ಅವರದೇ ಸಂಗೀತದ ‘ರೇಯ್ಸ್ ದಿ ರೆಡ್ ಲ್ಯಾಂಟರ್ನ್’, ‘ಫೇರ್‌ವೆಲ್ ಮೈ ಕಾನ್‌ಕ್ಯುಬೈನ್’ ಚಿತ್ರಗಳಲ್ಲಿ ಪೀಕಿಂಗ್ (ಬೀಜಿಂಗ್) ಹಾಡುನಾಟಕದ ತಾಳವಾದ್ಯಗಳಿವೆ. ಮುಂದೆ ಅವರು ಚೀನಾ ಸಂಗೀತಗಾರರ ಸಂಘದ ಅಧ್ಯಕ್ಷರೂ ಆದರು. ಹುಡುಗರಿಗೆ ಇದಕ್ಕಿಂತ ಇಷ್ಟವಾಗುವುದು ಹಲವು ದೇಶಗಳ ವಾದಕರ ಸಿಲ್ಕ್ ರೋಡ್ ತಂಡಕ್ಕಾಗಿ ಅವರು ಬರೆದ ‘ಮೂನ್ ಓವರ್ ಗುವಾನ್ ಮೌಂಟನ್ಸ್’. ತಂತಿ ಮೀಟುವ ಚೀನೀ ಪೀಪಾ, ಬಾಯಿಂದ ಊದುವ ಹಲವು ಕೊಳವೆಗಳ ಶಂಗ್, ದೊಡ್ಡ ಪಿಟೀಲಿನಂಥ ಚೆಲ್ಲೋ, ಜೊತೆಗೆ ನಮ್ಮ ತಬಲಾ. ಅದನ್ನು ಹಾಕಿದಾಗ ಸಾಫ್ಟ್‌ವೇರ್ ಕೇಳಿದ ಹುಡುಗನ ಬೆರಳು ತಾನಾಗೇ ಮೇಜಿನ ಮೇಲೆ ತಾಳ ಹಾಕುತ್ತಿರುತ್ತದೆ.