ಹೌ ಸೌಂಡ್: ಹೆರಿಂಗ್ ಮೀನು ಬಿಟ್ಟುಹೋಗಿ ಮರಳಿ ಬಂದ ಕಥೆ

ಕೆನಡಾದ ವ್ಯಾಂಕೂವರ್ ನಗರದ ಉತ್ತರಕ್ಕೆ, ಬೆಟ್ಟಗಳ ನಡುವೆ ಸುಮಾರು 40 ಕಿಲೋಮೀಟರ್ ಒಳಕ್ಕೆ ಸಮುದ್ರ ನುಗ್ಗಿದೆ. ಅದೇ ಹೌ ಸೌಂಡ್. ಹಿಮಯುಗದಲ್ಲಿ ಹಿಮನದಿಯೊಂದು ಕಣಿವೆಯನ್ನು ಆಳವಾಗಿ ಕೊರೆಯಿತು. ಹಿಮ ಕರಗಿದ ಮೇಲೆ ಕಡಲು ಒಳಗೆ ಬಂತು. ಇಂಥ ಕೊಲ್ಲಿಗೆ ಫ್ಯೋರ್ಡ್ ಅಂತಾರೆ.

ಇದು ಮೂಲನಿವಾಸಿಗಳಾದ ಸ್ಕ್ವಾಮಿಷ್ ಜನರ ನೆಲ, ಅವರದೇ ನೀರು. 1792ರಲ್ಲಿ ಬಂದ ಬ್ರಿಟಿಷ್ ಕ್ಯಾಪ್ಟನ್ ಜಾರ್ಜ್ ವ್ಯಾಂಕೂವರ್ ತಮ್ಮ ನೌಕಾಪಡೆಯ ಅಡ್ಮಿರಲ್ ಹೌ ಅವರ ಹೆಸರಿಟ್ಟರು, ನಕ್ಷೆಯಲ್ಲಿ ಅದೇ ಉಳಿಯಿತು. ಆದರೆ ಇಲ್ಲಿನ ಒಂದೊಂದು ಕಲ್ಲಿಗೂ ಸ್ಕ್ವಾಮಿಷ್ ಕಥೆಯಿದೆ. ಫ್ಯೋರ್ಡಿನ ತುದಿಯಲ್ಲಿ ಸ್ಟಾವಮಸ್ ಚೀಫ್ ಎಂಬ ಸುಮಾರು 700 ಮೀಟರ್ ಎತ್ತರದ ಗ್ರಾನೈಟ್ ಬಂಡೆ ನಿಂತಿದೆ. ಅದರ ಮೈಮೇಲೆ ಕೆಳಗಿಂದ ಮೇಲಕ್ಕೆ ಕಪ್ಪು ಪಟ್ಟಿ. ಎರಡು ತಲೆಯ ಕಡಲಹಾವು ಹತ್ತಿ ಹೋದ ಗುರುತು ಅಂತ ಹಿರಿಯರು ಹೇಳುತ್ತಾರೆ. ಬಿರುಕಿನೊಳಗೆ ನುಗ್ಗಿ ಗಟ್ಟಿಯಾದ ಲಾವಾ ಶಿಲೆ ಅನ್ನುತ್ತಾರೆ ಭೂವಿಜ್ಞಾನಿಗಳು.

ಫ್ಯೋರ್ಡಿನ ಕಷ್ಟ ಶುರುವಾಗಿದ್ದು ಎಲ್ಲಿಂದ ಅಂತ ತಿಳಿಯಬೇಕಾದರೆ ನೀರಿನಡಿ ನೋಡಬೇಕು. ಪೋರ್ಟೋ ಕೋವ್ ಬಳಿ ಹಿಮನದಿ ಬಿಟ್ಟುಹೋದ ಕಲ್ಲುಮಣ್ಣಿನ ದಿಬ್ಬ ಹೊಸ್ತಿಲಿನ ಹಾಗೆ ಅಡ್ಡ ಕೂತಿದೆ. ದಿಬ್ಬದ ಮೇಲೆ ಆಳ ನೂರು ಮೀಟರಿಗಿಂತ ಕಡಿಮೆ, ಒಳಗಡೆ 300 ಮೀಟರಿನ ಹತ್ತಿರ. ಹಾಗಾಗಿ ಒಳಗಿನ ಆಳದ ನೀರು ಸುಲಭಕ್ಕೆ ಹೊರಗೆ ಹೋಗುವುದಿಲ್ಲ. ಕೊಳೆ ಸೇರಿದರೆ ತಳದಲ್ಲೇ ಕೂರುತ್ತದೆ.

ಕೈಗಾರಿಕೆಗಳು ಬಂದಿದ್ದು ಇದೇ ಒಳಭಾಗಕ್ಕೆ. 20ನೇ ಶತಮಾನದ ಆರಂಭದಲ್ಲಿ ಶುರುವಾಗಿ 1974ರಲ್ಲಿ ಮುಚ್ಚಿದ ಬ್ರಿಟಾನಿಯಾ ತಾಮ್ರದ ಗಣಿ, 1912ರಿಂದ 2006ರವರೆಗೆ ನಡೆದ ವುಡ್‌ಫೈಬರ್ ಪಲ್ಪ್ (ಕಾಗದಕ್ಕೆ ಬೇಕಾದ ಮರದ ತಿರುಳು) ಕಾರ್ಖಾನೆ. ಗಣಿ ಮುಚ್ಚಿದರೂ ಸುರಂಗಗಳಿಂದ ಆಮ್ಲದ ನೀರು ನಿಲ್ಲಲಿಲ್ಲ. ದಿನಕ್ಕೆ ನೂರಾರು ಕಿಲೋ ತಾಮ್ರ ಕಡಲು ಸೇರುತ್ತಿತ್ತು. ಬ್ರಿಟಾನಿಯಾ ಹೊಳೆಯಲ್ಲಿ ಒಂದು ಮೀನೂ ಉಳಿಯಲಿಲ್ಲ. ಡಯಾಕ್ಸಿನ್ ವಿಷ ಸಿಕ್ಕಿದ್ದರಿಂದ 1988ರಲ್ಲಿ ಏಡಿ, ಸಿಗಡಿ ಹಿಡಿಯುವುದಕ್ಕೂ ತಡೆ ಬಿತ್ತು.

ಎಲ್ಲಕ್ಕಿಂತ ದೊಡ್ಡ ನಷ್ಟ ಹೆರಿಂಗ್. ನಮ್ಮ ಬೂತಾಯಿಯ ಬಳಗದ ಮೀನು ಇದು. ಈ ಕರಾವಳಿಯ ಮೂಲನಿವಾಸಿಗಳು ಹೆಮ್‌ಲಾಕ್ ಮರದ ಕೊಂಬೆಗಳನ್ನು ನೀರಲ್ಲಿ ಇಳಿಬಿಡುತ್ತಿದ್ದರು. ಹೆರಿಂಗ್ ಅದರ ಮೇಲೆ ಮೊಟ್ಟೆಯಿಡುತ್ತಿತ್ತು, ಕೊಂಬೆ ಎತ್ತಿದರೆ ಊಟ. ಈ ಮೀನು ಹೋದಾಗ ಅದನ್ನು ತಿನ್ನುವ ಡಾಲ್ಫಿನ್‌ಗಳೂ ಹೋದವು.

ಕ್ರಿಯೋಸೋಟ್ (ಮರ ಕೊಳೆಯದಂತೆ ಹಚ್ಚುವ ಡಾಂಬರಿನಂಥ ಎಣ್ಣೆ) ಬಳಿದ ಬಂದರಿನ ಕಂಬಗಳ ಮೇಲೆ ಹೆರಿಂಗ್ ಮೊಟ್ಟೆಗಳು ಸಾಯುತ್ತಿದ್ದುದನ್ನು ಊರಿನ ಸ್ವಯಂಸೇವಕರು ಗಮನಿಸಿದರು. ಕಂಬಗಳಿಗೆ ಹೊದಿಕೆ ಸುತ್ತಿದರು, ಮೊಟ್ಟೆ ಬದುಕಿದವು! ಅಷ್ಟರಲ್ಲಿ ಗಣಿಯ ನೀರು ಶುದ್ಧ ಮಾಡುವ ಘಟಕವೂ ಬಂತು. 2011ರಲ್ಲಿ ಬ್ರಿಟಾನಿಯಾ ಹೊಳೆಗೆ ಸಾಲ್ಮನ್ ಮರಳಿತು. ಹೆರಿಂಗ್ ಮರಳಿದ ಮೇಲೆ ಡಾಲ್ಫಿನ್, ತಿಮಿಂಗಿಲಗಳೂ ಬಂದವು. 2021ರಲ್ಲಿ ಯುನೆಸ್ಕೋ ಇದನ್ನು ಜೀವಗೋಳ ಮೀಸಲು ಪ್ರದೇಶವೆಂದು ಗುರುತಿಸಿತು.

ಇಷ್ಟಾದ ಮೇಲೂ ಹಳೇ ವುಡ್‌ಫೈಬರ್ ಜಾಗಕ್ಕೆ ನೈಸರ್ಗಿಕ ಅನಿಲವನ್ನು ತಣಿಸಿ ದ್ರವ ಮಾಡುವ ಘಟಕದ ಯೋಜನೆ ಬಂತು. ಅಲ್ಲಿ ಹಿಂದೆ ಸ್ವಿಯಾತ್ ಎಂಬ ಸ್ಕ್ವಾಮಿಷ್ ಹಳ್ಳಿಯಿತ್ತು. ಈ ಸಲ ಸ್ಕ್ವಾಮಿಷ್ ಜನರ ಆಡಳಿತ ಸಂಸ್ಥೆಯಾದ ಸ್ಕ್ವಾಮಿಷ್ ನೇಷನ್ ಸುಮ್ನೆ ಕೂರಲಿಲ್ಲ. ತಾನೇ ಪರಿಸರ ಪರಿಶೀಲನೆ ಮಾಡಿ 2015ರಲ್ಲಿ 25 ಷರತ್ತು ಹಾಕಿತು. ಯಂತ್ರ ತಣಿಸಲು ಸಮುದ್ರದ ನೀರು ಬಳಸುವ ಯೋಚನೆಯನ್ನು ಕಂಪನಿ ಕೈಬಿಡಬೇಕಾಯಿತು. ಗಣಿ ಬಂದಾಗಲೇ ಇವರ ಮಾತು ಕೇಳಿದ್ದರೆ ಎಷ್ಟು ಉಳಿಯುತ್ತಿತ್ತು, ಅಲ್ವಾ? ಹಾಗಂತ ಸಮುದಾಯದಲ್ಲಿ ಒಮ್ಮತವಿಲ್ಲ. 2018ರಲ್ಲಿ ಈ ಯೋಜನೆಯ ಒಪ್ಪಂದಕ್ಕೆ ಅವರ ಕೌನ್ಸಿಲ್‌ನಲ್ಲಿ ಪರ ಬಿದ್ದ ಮತ 8, ವಿರೋಧ 6. 2023ರಲ್ಲಿ ಕಟ್ಟಡ ಕೆಲಸ ಶುರುವಾಯಿತು, ವಿರೋಧ ಇನ್ನೂ ನಿಂತಿಲ್ಲ.